ಆ ಕವರನ್ನು ಅವ್ವ ಎಸೆದಿರಲಿಲ್ಲ

ಕಳೆದ ಶುಕ್ರವಾರ ನಮ್ಮ ಮನೆಯ ಪತ್ರಗಳು ಬ್ಯಾಂಕಿನಿಂದ ವಾಪಸ್ ಬಂದವು. ಎರಡು ವರ್ಷದಿಂದ "ಏನಾಯ್ತು?" ಎಂದು ವಿಚಾರಿಸುತ್ತಾ ಬಂದ ನಿಮಗೆಲ್ಲ ಫೋನ್ ಮಾಡಿ ಹೇಳೋಣ ಅಂದ್ರೆ ಮುಗಿಯುವುದಿಲ್ಲ. ಅದಕ್ಕೆ ಇಲ್ಲಿ ಬರೆಯುತ್ತಿದ್ದೇನೆ. ಮನೆ ಉಳಿಯಿತು. ಮಂಡಕ್ಕಿ ಹುರಿಯುವ ನಮ್ಮ ಭಟ್ಟಿಯೂ ಉಳಿಯಿತು.

ಮಂಡಕ್ಕಿ ಭಟ್ಟಿ ಅಂದ್ರೆ ಏನು ಎಂದು ದಾವಣಗೆರೆಯವರಿಗೆ ಹೇಳಬೇಕಿಲ್ಲ, ಅಲ್ವಾ? ಹೊಸ ಯಂತ್ರ ಹಾಕಿಸಲು ಅಪ್ಪ ಮನೆ, ಭಟ್ಟಿ ಎರಡನ್ನೂ ಅಡವಿಟ್ಟು ಸಾಲ ತೆಗೆದಿದ್ದರು. 2020ರ ಲಾಕ್‌ಡೌನ್‌ನಲ್ಲಿ ಸಂತೆ, ಜಾತ್ರೆ ಎಲ್ಲ ನಿಂತವು. ಕಂತು ತಪ್ಪಿತು. ಆಮೇಲೆ ಅಪ್ಪನೂ ಹೋದರು. ಸಾಲ ನಮ್ಮದೇ, ಇಲ್ಲ ಎಂದು ನಾವು ಯಾವತ್ತೂ ಹೇಳಲಿಲ್ಲ. ಕೇಳಿದ್ದು ಸ್ವಲ್ಪ ಟೈಮ್ ಮಾತ್ರ.

60 ದಿನದೊಳಗೆ ಬಾಕಿ ಕಟ್ಟಿ ಎಂಬ ಮೊದಲ ನೋಟಿಸ್ ಬಂದಾಗ ಹೆದರಿ ಸುಮ್ನೆ ಕೂತೆವು. ಅದು ನಮ್ಮ ತಪ್ಪು. ಆಕ್ಷೇಪಣೆ ಬರೆದುಕೊಟ್ಟಿದ್ದರೆ ಬ್ಯಾಂಕ್ 15 ದಿನದೊಳಗೆ ಉತ್ತರ ಕೊಡಬೇಕಿತ್ತಂತೆ. ಮುಂದೆ ಬಾಗಿಲಿಗೆ ಜಪ್ತಿ ನೋಟಿಸ್ ಅಂಟಿತು. ಅದರ ಹಿಂದೆಯೇ ಹರಾಜಿನ ನೋಟಿಸ್.

ಆಗ ದಾರಿ ತೋರಿಸಿದ್ದು ನಮ್ಮ ಬೀದಿಯ ಹಿರಿಯ ವಕೀಲರು. "ಇದು ಸರ್ಫೇಸಿ ಕಾಯ್ದೆ ಕಣಪ್ಪ, ಅಡವಿಟ್ಟ ಆಸ್ತೀನ ಬ್ಯಾಂಕೇ ಜಪ್ತಿ ಮಾಡಿ ಮಾರೋ ಕಾನೂನು. ಇಲ್ಲಿಯ ಸಿವಿಲ್ ಕೋರ್ಟಿಗೆ ಬರೋದಿಲ್ಲ. 45 ದಿನ ದಾಟೋದ್ರೊಳಗೆ ಬೆಂಗಳೂರಿನ ಸಾಲ ವಸೂಲಾತಿ ನ್ಯಾಯಮಂಡಳಿಗೆ ಹೋಗು" ಎಂದರು. ಒಂದು ರೂಪಾಯಿ ಮುಟ್ಟಲಿಲ್ಲ. ಸರ್, ಆ ಸಂಜೆ ನೀವು ಹೇಳದಿದ್ದರೆ ನಾವು ಇಲ್ಲೇ ಕೋರ್ಟಿಗೆ ಅಲೆದು ಆ ದಿನಗಳನ್ನೂ ಕಳೆದುಕೊಳ್ಳುತ್ತಿದ್ದೆವು.

ಬೆಂಗಳೂರಿನ ವಕೀಲೆ ಮೇಡಂ ಕಾಗದಗಳನ್ನೆಲ್ಲ ನೋಡಿ ಕೇಳಿದ ಮೊದಲ ಪ್ರಶ್ನೆ, "ಹರಾಜಿನ ನೋಟಿಸ್ ಬಂದ ಕವರ್ ಇದೆಯಾ?" ನನಗೆ ಗೊತ್ತಿರಲಿಲ್ಲ. ಅವ್ವನಿಗೆ ಫೋನ್ ಮಾಡಿದೆ. ಇತ್ತು. ಕವರಿನ ಮೇಲೆ ಅಪ್ಪನ ಹೆಸರಿನ ಹಿಂದೆ 'ದಿ.' ಎಂದು ಬರೆದು ಕೆಳಗೆ ಅವ್ವನ ಹೆಸರಿತ್ತು. ಅಪ್ಪನ ಹೆಸರಿದ್ದ ಕಾಗದ ಎಸೆಯಲು ಮನಸ್ಸಾಗದೆ ದೇವರ ಗೂಡಿನಲ್ಲಿ, ಕುಂಕುಮದ ಬಟ್ಟಲಿನ ಕೆಳಗೆ ಇಟ್ಟಿದ್ದಳು. ಒಂದು ಮೂಲೆ ಕೆಂಪಾಗಿತ್ತು. ಅಂಚೆ ಮುದ್ರೆ ಮಾತ್ರ ಚೆನ್ನಾಗಿ ಕಾಣುತ್ತಿತ್ತು.

ಒಳಗಿನ ಪತ್ರದಲ್ಲಿ ತಾರೀಕು 3. ಮುದ್ರೆಯಲ್ಲಿ 12. ಕೈಗೆ ಬಂದದ್ದು 14ಕ್ಕೆ. ಹರಾಜು ಮುಂದಿನ ತಿಂಗಳ 5ಕ್ಕೆ. ಮೇಡಂ ಬೆರಳು ಮಡಚಿ ಎಣಿಸಿದರು. ಮಾರುವ ಮೊದಲು ಸಾಲಗಾರರಿಗೆ ಪೂರ್ತಿ 30 ದಿನದ ನೋಟಿಸ್ ಕೊಡಲೇಬೇಕು, ಸುಪ್ರೀಂ ಕೋರ್ಟ್ 2014ರಲ್ಲೇ ಇದನ್ನು ಹೇಳಿದೆ ಎಂದರು. ನಮಗೆ ಸಿಕ್ಕಿದ್ದು ಬರೀ ಮೂರು ವಾರ.

ತಡೆಯಾಜ್ಞೆ ಸಿಕ್ಕಿತು, ಆದರೆ ಒಂದಿಷ್ಟು ಹಣ ಮೊದಲು ಕಟ್ಟಬೇಕೆಂಬ ಷರತ್ತಿನ ಮೇಲೆ. ಸೋದರತ್ತೆ ಕೊರಳಿನ ಸರ ಬಿಚ್ಚಿಕೊಟ್ಟರು. ಭಟ್ಟಿಯಲ್ಲಿ ಮರಳು ಜರಡಿ ಹಿಡಿಯುವ ಅಕ್ಕ ಮಗಳ ಮದುವೆಗೆಂದು ಕೂಡಿಟ್ಟಿದ್ದ ಹಣ ತಂದು, "ಎಣಿಸಿಕೋ ತಮ್ಮಾ" ಎಂದು ಅವ್ವನ ಎದುರಿಗಿಟ್ಟರು. ಆ ನೋಟುಗಳಿಗೆ ಉಪ್ಪುನೀರಿನ, ಹೊಗೆಯ ವಾಸನೆ ಇತ್ತು. ನನಗೆ ಎಣಿಸಲು ಆಗಲಿಲ್ಲ. ಅಕ್ಕಾ, ನಿಮಗೆ ಥ್ಯಾಂಕ್ಸ್ ಅಂದ್ರೆ ಸಾಲುವುದಿಲ್ಲ.

ಕೊನೆಗೆ ನ್ಯಾಯಮಂಡಳಿ ಆ ಹರಾಜು ನೋಟಿಸನ್ನು ರದ್ದು ಮಾಡಿತು. ಸಾಲ ಮನ್ನಾ ಆಗಲಿಲ್ಲ, ಯಾರೂ ಹಾಗೆ ತಿಳಿಯಬೇಡಿ. ಆದರೆ ಆ ಕಾಯ್ದೆಗೆ 2016ರ ತಿದ್ದುಪಡಿ ಆದಮೇಲೆ, ಹರಾಜಿನ ಪ್ರಕಟಣೆ ಹೊರಡುವ ಮೊದಲೇ ಪೂರ್ತಿ ಬಾಕಿ ಕಟ್ಟಿದರೆ ಮಾತ್ರ ಆಸ್ತಿ ಬಿಡಿಸಿಕೊಳ್ಳುವ ಹಕ್ಕು. ನೋಟಿಸೇ ರದ್ದಾದ್ದರಿಂದ ನಮಗೆ ಆ ಬಾಗಿಲು ಮತ್ತೆ ತೆರೆಯಿತು. ಒಂದೇ ಸಲ ಕಟ್ಟಿ ಮುಗಿಸುವ ಒಪ್ಪಂದ ಮಾಡಿಕೊಂಡು, ಊರಿನ ಪಾಲಿನ ಹೊಲ ಮಾರಿ ಕಟ್ಟಿದೆವು.

ರಾತ್ರಿ ರೈಲಿಗೆ ನನ್ನ ಜೊತೆ ಬಂದ ಗೆಳೆಯರಿಗೆ, ವಿಚಾರಣೆಯ ದಿನಗಳಲ್ಲಿ ಭಟ್ಟಿ ನೋಡಿಕೊಂಡ ಪಕ್ಕದ ಭಟ್ಟಿಯ ಅಣ್ಣನಿಗೆ ಕೈ ಮುಗಿಯುತ್ತೇನೆ.

ಹಣ ಕೊಟ್ಟವರ ಹೆಸರೆಲ್ಲ ಅವ್ವನ ನೋಟ್‌ಬುಕ್ಕಿನಲ್ಲಿದೆ. ಮುಂದಿನ ತಿಂಗಳಿಂದ ಮರಳಿಸಲು ಶುರು ಮಾಡುತ್ತೇವೆ. ಮೊದಲ ಹೆಸರು ಜರಡಿ ಅಕ್ಕನದು.