ಭಾನುವಾರದ ಕಾಲ್: ರಾಜೀನಾಮೆ ಕೊಟ್ಟ ಸರ್ಕಾರಿ ವಕೀಲೆ

ಎಲ್ಲರಿಗೂ ನಮಸ್ಕಾರ. ಈ ಭಾನುವಾರ ಸಂಜೆ 6ಕ್ಕೆ (ಭಾರತದ ಸಮಯ) ನಮ್ಮ ವಿಡಿಯೋ ಕಾಲ್ ಇದೆ. ಈ ಸಲದ ವಿಷಯ, ಬ್ರಿಟನ್ನಿನ ಎಲಿಜಬೆತ್ ವಿಲ್ಮ್ಸ್‌ಹರ್ಸ್ಟ್.

1974ರಲ್ಲಿ ವಿದೇಶಾಂಗ ಕಚೇರಿ ಸೇರಿದವರು, ಅಲ್ಲೇ ಉಪ ಕಾನೂನು ಸಲಹೆಗಾರರಾದರು. 2003ರ ಮಾರ್ಚ್‌ನಲ್ಲಿ, ವಿಶ್ವಸಂಸ್ಥೆ ಭದ್ರತಾ ಮಂಡಳಿಯ ಎರಡನೇ ನಿರ್ಣಯ (ಅಂದ್ರೆ ಯುದ್ಧಕ್ಕೆ ಒಪ್ಪಿಗೆ ಕೊಡುವ ಹೊಸ ನಿರ್ಣಯ) ಇಲ್ಲದೆ ಇರಾಕ್ ಮೇಲೆ ಯುದ್ಧಕ್ಕೆ ಹೋಗೋದು ಕಾನೂನುಬದ್ಧ ಅಲ್ಲ ಅಂತ ಬರೆದು ಹೊರಬಂದರು. ಹೆಚ್ಚುಕಡಿಮೆ 30 ವರ್ಷದ ಕೆಲಸ, ಒಂದು ಚಿಕ್ಕ ಪತ್ರ! 2005ರಲ್ಲಿ ಸರ್ಕಾರ ಆ ಪತ್ರ ಬಿಡುಗಡೆ ಮಾಡಿದಾಗ ಒಂದು ಭಾಗ ಮುಚ್ಚಿಟ್ಟಿತ್ತು. ಯುದ್ಧ ಕಾನೂನುಬದ್ಧವೇ ಅನ್ನೋ ಬಗ್ಗೆ ಅಟಾರ್ನಿ ಜನರಲ್ (ಸರ್ಕಾರದ ಮುಖ್ಯ ಕಾನೂನು ಸಲಹೆಗಾರ) ಅಭಿಪ್ರಾಯ ಬದಲಾಗಿದ್ದು ಅದರಲ್ಲೇ ಇತ್ತು. ಕೊನೆಗೆ ಅದೂ ಟಿವಿ ಸುದ್ದಿಯಲ್ಲಿ ಬಂತು.

ವಿಲ್ಮ್ಸ್‌ಹರ್ಸ್ಟ್ ಅವರ ಮೇಲಧಿಕಾರಿ ಮೈಕೆಲ್ ವುಡ್ ಅಭಿಪ್ರಾಯವೂ ಯುದ್ಧ ಕಾನೂನುಬದ್ಧ ಅಲ್ಲ ಅಂತಲೇ ಆಗಿತ್ತು. ಆದರೆ ಅವರು ಕೆಲಸ ಬಿಡಲಿಲ್ಲ. ನನಗೆ ಜಾಸ್ತಿ ಕುತೂಹಲ ಇರೋದೇ ಇಲ್ಲಿ. 2010ರ ಜನವರಿಯಲ್ಲಿ ಇಬ್ಬರೂ ಚಿಲ್ಕಾಟ್ ತನಿಖೆ (ಇರಾಕ್ ಯುದ್ಧದ ಬಗ್ಗೆ ಬ್ರಿಟನ್ನಿನ ಅಧಿಕೃತ ವಿಚಾರಣೆ) ಮುಂದೆ ಸಾಕ್ಷಿ ಹೇಳಿದ್ದಾರೆ. ಮೊದಲು ಆ ಪತ್ರ ಓದಿ, ಆಮೇಲೆ ಸಾಕ್ಷ್ಯ. ಪತ್ರ ಓದೋಕೆ ಐದು ನಿಮಿಷ ಸಾಕು, ಸುಮ್ನೆ ನೆಪ ಹೇಳಬೇಡಿ.

ಬರುವವರು ಶುಕ್ರವಾರ ರಾತ್ರಿಯೊಳಗೆ ಇಲ್ಲೇ ‘ಹೂಂ’ ಅಂತ ಹಾಕಿ, ಲಿಂಕ್ ಕಳಿಸುತ್ತೇನೆ. ವುಡ್ ಪರವಾಗಿ ಮಾತಾಡೋಕೆ ಒಬ್ಬರು ಬೇಕು. ಯಾರಿದ್ದೀರಿ?