ಕಿಟಕಿ ಪಕ್ಕ ಕೂತು ಬರೆದವಳು

ಪ್ರೀತಿಯ ಪುಟ್ಟಿ,

ಕಾಲೇಜಿನ ಆಕಾಶ ವೀಕ್ಷಣೆಯ ದಿನ ಹುಡುಗರೆಲ್ಲ ಟೆಲಿಸ್ಕೋಪಿಗೆ ಮುತ್ತಿಕೊಂಡರು, ನಿನ್ನ ಕೈಗೆ ನೋಟ್‌ಬುಕ್ ಕೊಟ್ಟು ಟೈಮ್ ಬರೆದುಕೋ ಅಂದರು ಅಂತ ಬೇಜಾರು ಮಾಡಿಕೊಂಡೆಯಲ್ಲ. ಫೋನಿನಲ್ಲಿ ಎಲ್ಲ ಹೇಳಲು ಆಗಲಿಲ್ಲ. ನಿನಗೆ ಕ್ಯಾರೊಲಿನ್ ಹರ್ಷಲ್ ಬಗ್ಗೆ ಹೇಳಬೇಕು.

1781ರಲ್ಲಿ ಯುರೇನಸ್ ಕಂಡುಹಿಡಿದ ವಿಲಿಯಂ ಹರ್ಷಲ್ ನಿನಗೆ ಗೊತ್ತು. ಕ್ಯಾರೊಲಿನ್ ಅವನ ತಂಗಿ. ಹುಟ್ಟಿದ್ದು 1750ರಲ್ಲಿ, ಜರ್ಮನಿಯ ಹ್ಯಾನೋವರಿನಲ್ಲಿ. ಚಿಕ್ಕವಳಿದ್ದಾಗ ಟೈಫಸ್ ಜ್ವರ ಬಂದು ಬೆಳವಣಿಗೆಯೇ ನಿಂತುಹೋಯಿತು. ಎತ್ತರ ಸುಮಾರು ನಾಲ್ಕೂಕಾಲು ಅಡಿ. ಇವಳು ಮನೆಗೆಲಸ ಮಾಡಿಕೊಂಡಿದ್ದರೆ ಸಾಕು ಅನ್ನುವುದು ತಾಯಿಯ ಲೆಕ್ಕ. 1772ರಲ್ಲಿ ಅಣ್ಣ ಬಂದು ಇಂಗ್ಲೆಂಡಿಗೆ ಕರೆದುಕೊಂಡು ಹೋದ. ಅಲ್ಲಿ ಮೊದಲು ಹಾಡುಗಾರ್ತಿಯಾದಳು. ಅಣ್ಣನಿಗೆ ನಕ್ಷತ್ರಗಳ ಹುಚ್ಚು ಹಿಡಿದ ಮೇಲೆ ಇವಳೂ ಆ ಕಡೆಗೇ ತಿರುಗಿದಳು.

ಆಕಾಶದಲ್ಲಿ ಮಸುಕಾಗಿ ಕಾಣುವ ವಸ್ತುಗಳಿಗೆ ಆಗ ಇದ್ದ ಒಳ್ಳೆಯ ಪಟ್ಟಿ ಅಂದರೆ ಪ್ಯಾರಿಸಿನ ಚಾರ್ಲ್ಸ್ ಮೆಸ್ಸಿಯೇದು. ಇಂಥವನ್ನೇ ಧೂಮಕೇತು ಅಂದುಕೊಂಡು ಹುಡುಕುವವರು ಮೋಸಹೋಗದಿರಲಿ ಅಂತ ಮಾಡಿದ್ದು. 1781ರಲ್ಲಿ ಅದರಲ್ಲಿ 103 ವಸ್ತುಗಳಿದ್ದವು. 1783ರ ಫೆಬ್ರವರಿ 26ರ ರಾತ್ರಿ ಕ್ಯಾರೊಲಿನ್ ತನ್ನ ಪುಟ್ಟ ದೂರದರ್ಶಕದಲ್ಲಿ ಆ ಪಟ್ಟಿಯಲ್ಲಿಲ್ಲದ ಒಂದು ನಕ್ಷತ್ರಗುಚ್ಛ ಕಂಡಳು. ಸೆಪ್ಟೆಂಬರಿನಲ್ಲಿ ಕಂಡದ್ದು ನಮ್ಮ ಕ್ಷೀರಪಥದ ಆಚೆಗಿರುವ ಒಂದು ದೊಡ್ಡ ಗ್ಯಾಲಕ್ಸಿ. ಅಷ್ಟು ಸಣ್ಣ ದೂರದರ್ಶಕಕ್ಕೇ ಇಷ್ಟು ಸಿಕ್ಕರೆ ಆಕಾಶದಲ್ಲಿ ಇನ್ನೆಷ್ಟಿರಬೇಡ! ಅಣ್ಣ ಅದೇ ವರ್ಷದ ಕೊನೆಗೆ 20 ಅಡಿಯ ದೂರದರ್ಶಕ ಹಿಡಿದು ಇಡೀ ಆಕಾಶ ಜಾಲಾಡಲು ಶುರುಮಾಡಿದ.

ಈಗ ನಿನ್ನ ನೋಟ್‌ಬುಕ್ಕಿನ ವಿಷಯಕ್ಕೆ ಬರುತ್ತೇನೆ. ದೂರದರ್ಶಕವನ್ನು ದಕ್ಷಿಣಕ್ಕೆ ಮುಖ ಮಾಡಿ ನಿಲ್ಲಿಸುತ್ತಿದ್ದರು. ಸ್ವಲ್ಪ ಮೇಲೆ ಕೆಳಗೆ ಆಡಿಸುವುದಷ್ಟೇ ಕೆಲಸ. ಭೂಮಿ ತಿರುಗಿದ ಹಾಗೆ ಆಕಾಶವೇ ಮುಂದೆ ಸಾಗುತ್ತಿತ್ತು. ಏನಾದರೂ ಕಂಡ ತಕ್ಷಣ ಅಣ್ಣ ಕೂಗಿ ಹೇಳುತ್ತಿದ್ದ. ಕಿಟಕಿ ಪಕ್ಕ ಮೇಜಿಗೆ ಕೂತ ಕ್ಯಾರೊಲಿನ್ ಗಡಿಯಾರದ ಸಮಯ, ದೂರದರ್ಶಕ ನಿಂತ ಎತ್ತರ, ಅಣ್ಣ ಹೇಳಿದ ವರ್ಣನೆ ಎಲ್ಲ ಬರೆದುಕೊಳ್ಳುತ್ತಿದ್ದಳು. ಗೊತ್ತಿರುವ ನಕ್ಷತ್ರ ಯಾವಾಗ ದಾಟಿತು, ಹೊಸದು ಯಾವಾಗ ದಾಟಿತು ಅನ್ನುವ ವ್ಯತ್ಯಾಸದಿಂದಲೇ ಹೊಸದರ ಸ್ಥಾನ ತಿಳಿಯುವುದು. ಒಂದು ನಿಮಿಷ ತಪ್ಪಿದರೆ ಕಾಲು ಡಿಗ್ರಿಯವರೆಗೂ ಆಚೀಚೆ ಆಗಬಹುದು. ಆ ದೂರದರ್ಶಕದಲ್ಲಿ ಒಮ್ಮೆಗೆ ಕಾಣುತ್ತಿದ್ದ ಅಗಲವೇ ಅಷ್ಟು! ಅಂದರೆ ಮುಂದಿನ ಸಲ ಹುಡುಕಿದರೆ ಅದು ಅಲ್ಲಿ ಇರುವುದೇ ಇಲ್ಲ.

ಅಣ್ಣನೇ ಬರೆದುಕೊಳ್ಳಬಹುದಿತ್ತಲ್ಲ ಅಂತೀಯಾ? ಆಗುತ್ತಿರಲಿಲ್ಲ. ದೀಪದ ಬೆಳಕು ಬಿದ್ದರೆ ಕತ್ತಲೆಗೆ ಒಗ್ಗಿದ ಕಣ್ಣು ಕೆಡುತ್ತದೆ. ಮತ್ತೆ ಒಗ್ಗುವಷ್ಟರಲ್ಲಿ ಆಕಾಶ ಮುಂದೆ ಹೋಗಿರುತ್ತದೆ. ಅವನು ನೋಡಿದ್ದು, ಇವಳು ಬರೆದದ್ದು ಎರಡೂ ಸೇರಿದರೇನೇ ಒಂದು ನೀಹಾರಿಕೆ, ಅಂದರೆ ಮೋಡದಂತೆ ಮಸುಕಾಗಿ ಕಾಣುವ ವಸ್ತು, ಸಿಕ್ಕಿತು ಅಂತ ಲೆಕ್ಕ. ಹೀಗೆ 1802ರವರೆಗೆ ಮೂರು ಕಂತಿನಲ್ಲಿ 2,500 ವಸ್ತುಗಳ ಪಟ್ಟಿ ಅಚ್ಚಾಯಿತು.

ಕಷ್ಟವೂ ಸುಮ್ನೆ ಅಲ್ಲ. 1783ರ ಡಿಸೆಂಬರ್ 31ರ ರಾತ್ರಿ, ಹಿಮದಲ್ಲಿ ಓಡುವಾಗ ಜಾರಿ ಬಿದ್ದು ಕಬ್ಬಿಣದ ಕೊಕ್ಕೆ ಅವಳ ಕಾಲಿಗೆ ನೆಟ್ಟಿತು. ಬಿಡಿಸಿದಾಗ ಮಾಂಸವೇ ಕಿತ್ತು ಬಂತು. ಆ ರಾತ್ರಿ ಆಮೇಲೆ ಮೋಡ ಕವಿದದ್ದರಿಂದ ಅಣ್ಣನ ಕೆಲಸಕ್ಕೆ ಜಾಸ್ತಿ ನಷ್ಟವಾಗಲಿಲ್ಲ ಅಂತ ಅವಳು ಸಮಾಧಾನಪಟ್ಟುಕೊಂಡಳು. ಇದನ್ನು ಓದಿದಾಗ ನನಗೆ ಸಿಟ್ಟೂ ಬಂತು, ಅಳುವೂ ಬಂತು. ತಾನು ಮಾಡಿದ್ದೆಲ್ಲ ಪಳಗಿಸಿದ ನಾಯಿಮರಿ ಮಾಡಬಹುದಾದ ಕೆಲಸ ಅಂತಲೂ ಅವಳೇ ಒಮ್ಮೆ ಹೇಳಿಕೊಂಡಿದ್ದಾಳೆ. ನಾನಂತೂ ಒಪ್ಪುವುದಿಲ್ಲ. ನೀನೂ ಒಪ್ಪಬೇಡ.

ಯಾಕೆ ಗೊತ್ತಾ? 1822ರಲ್ಲಿ ಅಣ್ಣ ತೀರಿಕೊಂಡ. ಇವಳು ಹ್ಯಾನೋವರಿಗೆ ಮರಳಿದಳು. ಎದುರು ಮನೆಗಳ ಮಾಡು ಅಡ್ಡ ಬಂದು ಅಲ್ಲಿ ಆಕಾಶವೇ ಸರಿಯಾಗಿ ಕಾಣುತ್ತಿರಲಿಲ್ಲ. ಅಣ್ಣನ ಮಗ ಜಾನ್‌ಗೆ ಆ 2,500ನ್ನೂ ಮತ್ತೆ ನೋಡಬೇಕಿತ್ತು. ಆದರೆ ವಿಲಿಯಂ ತನ್ನ ಪಟ್ಟಿಯನ್ನು ವಸ್ತುಗಳ ರೂಪ ನೋಡಿ ಎಂಟು ಬಗೆಯಾಗಿ ಮಾಡಿದ್ದ. ಊರಿನ ಮನೆಗಳನ್ನು ಬೀದಿ ಪ್ರಕಾರ ಬರೆಯದೆ ಬಣ್ಣದ ಪ್ರಕಾರ ಬರೆದಿಟ್ಟ ಹಾಗೆ. ದೂರದರ್ಶಕದ ಮುಂದೆ ನಿಂತವನಿಗೆ ಅದರಿಂದ ಏನು ಉಪಯೋಗ? ಕ್ಯಾರೊಲಿನ್ ಎಲ್ಲವನ್ನೂ ಬಿಚ್ಚಿ, ಆಕಾಶದಲ್ಲಿ ಬರುವ ಕ್ರಮದಲ್ಲೇ ಮತ್ತೆ ಜೋಡಿಸಿದಳು. ಭೂಮಿಯ ಅಕ್ಷ ನಿಧಾನವಾಗಿ ತೂಗುವುದರಿಂದ ಸ್ಥಾನಗಳ ಅಂಕಿ ವರ್ಷ ವರ್ಷವೂ ಸರಿಯುತ್ತವೆ. ನಮ್ಮ ಪಂಚಾಂಗದವರು ಅಯನಾಂಶ ಅಂತ ಈ ಸರಿದಷ್ಟನ್ನು ಕಳೆಯುವುದೂ ಇದೇ ಕಾರಣಕ್ಕೆ. ಹಾಗಾಗಿ ಪ್ರತಿಯೊಂದನ್ನೂ 1800ನೇ ಇಸವಿಗೆ ಹೊಂದಿಸಿ ಲೆಕ್ಕ ಹಾಕಿದಳು, ಎಲ್ಲ ಕೈಯಲ್ಲೇ. ಮಗ್ಗಿ ಬಾಯಿಗೆ ಬಾರದೆ ಚೀಟಿಯಲ್ಲಿ ಬರೆದು ಇಟ್ಟುಕೊಳ್ಳುತ್ತಿದ್ದ ಹೆಂಗಸು!

1828ರಲ್ಲಿ ಲಂಡನ್ನಿನ ಖಗೋಳ ಸೊಸೈಟಿ ಅವಳಿಗೆ ಚಿನ್ನದ ಪದಕ ಕೊಟ್ಟಿತು. ಅವಳು ಎಂಟು ಧೂಮಕೇತು ಕಂಡುಹಿಡಿದಿದ್ದಳು, ಆದರೆ ಪದಕ ಬಂದದ್ದು ಅದಕ್ಕಲ್ಲ, ಈ ಪಟ್ಟಿಗೆ. ಅದೇ ಪದಕ ಇನ್ನೊಬ್ಬ ಹೆಂಗಸಿಗೆ, ಅಮೆರಿಕದ ಖಗೋಳ ವಿಜ್ಞಾನಿ ವೀರಾ ರೂಬಿನ್‌ಗೆ, ಸಿಕ್ಕಿದ್ದು 1996ರಲ್ಲಿ. ಜಾನ್ ಆ ಪಟ್ಟಿ ಹಿಡಿದೇ ಕೆಲಸ ಮಾಡಿದ. ಅವನು 1864ರಲ್ಲಿ ತಂದ ಪಟ್ಟಿಯನ್ನು ಡ್ರೇಯರ್ ಅನ್ನುವ ಖಗೋಳ ವಿಜ್ಞಾನಿ 1888ರಲ್ಲಿ 7,840 ವಸ್ತುಗಳಿಗೆ ಬೆಳೆಸಿದ. ನಿಮ್ಮ ಫೋನಿನ ಆಪ್‌ನಲ್ಲಿ ಎನ್‌ಜಿಸಿ (ನ್ಯೂ ಜನರಲ್ ಕ್ಯಾಟಲಾಗ್) ಅಂತ ಬರುತ್ತಲ್ಲ, ಅದು ಇದೇ.

ಹಾಗಂತ ಬರೀ ಬರೆದುಕೊಂಡೇ ಇರು ಅಂತ ನಾನು ಹೇಳುತ್ತಿಲ್ಲ. ಅವಳೂ ಹಾಗೆ ಇರಲಿಲ್ಲ. ಅಣ್ಣ ಊರಿನಲ್ಲಿ ಇಲ್ಲದಾಗಲೇ, 1786ರ ಆಗಸ್ಟ್ 1ರಂದು, ಮೊದಲ ಧೂಮಕೇತು ಹಿಡಿದಳು. ಮರುವರ್ಷದಿಂದ ರಾಜ ಅವಳಿಗೆ ವರ್ಷಕ್ಕೆ 50 ಪೌಂಡ್ ಸಂಬಳ ಕೊಟ್ಟ. ಅಣ್ಣನಿಗೆ 200 ಇತ್ತು, ಅದು ಅನ್ಯಾಯವೇ. ನೀನು ನಿಮ್ಮ ಗುಂಪಿನಲ್ಲಿ ಸರದಿ ಕೇಳು, ನೇರವಾಗಿ ಕೇಳು. ನಿನ್ನ ಸರದಿ ಬಂದಾಗ ಹುಡುಗರೂ ನೆಟ್ಟಗೆ ಬರೆದುಕೊಳ್ಳಲಿ.

ಅವಳು ಫೆಬ್ರವರಿಯಲ್ಲಿ ಕಂಡ ಆ ಗುಚ್ಛ ಎನ್‌ಜಿಸಿ 2360. ಲುಬ್ಧಕ, ಅಂದರೆ ರಾತ್ರಿ ಎಲ್ಲಕ್ಕಿಂತ ಹೆಚ್ಚು ಹೊಳೆಯುವ ಸಿರಿಯಸ್ ನಕ್ಷತ್ರ, ದಕ್ಷಿಣದಲ್ಲಿ ಎತ್ತರಕ್ಕೆ ಬಂದಾಗ ಅದರ ಎಡಕ್ಕೆ ಸುಮಾರು ಎಂಟು ಡಿಗ್ರಿ. ಕೈ ಚಾಚಿ ಮುಷ್ಟಿ ಹಿಡಿದರೆ ಅದಕ್ಕಿಂತ ಚೂರು ಕಡಿಮೆ. ಕತ್ತಲೆ ಇರುವ ಕಡೆ ಬೈನಾಕ್ಯುಲರ್‌ನಲ್ಲೇ ಮಸುಕಾಗಿ ಕಾಣುತ್ತದೆ. ನಮ್ಮದು ಕಪಾಟಿನ ಮೇಲಿನ ಖಾನೆಯಲ್ಲಿದೆ. ಸಂಕ್ರಾಂತಿಗೆ ಬಂದಾಗ ತಗೊಂಡು ಹೋಗು.

ನಿನ್ನ
ಅಮ್ಮ