ಅಪೀಲು ತಡ ಆದ್ರ ಸತ್ತವರ ದುಡಿಮಿ ಕಮ್ಮಿ ಆಗ್ತದೇನ್ರಿ?

ಸಂಪಾದಕರಿಗೆ ನಮಸ್ಕಾರ್ರಿ,

ಟಂಟಂ ಪಲ್ಟಿ, ಕ್ರೂಸರ್‌ಗೆ ಲಾರಿ ಡಿಕ್ಕಿ, ಸ್ಥಳದಾಗೇ ಸಾವು ಅಂತ ನಿಮ್ಮ ಜಿಲ್ಲಾ ಪುಟದಾಗ ಸುದ್ದಿ ಬರ್ತಾನೇ ಇರ್ತದ, ಆಮ್ಯಾಲ ಆ ಮನಿ ಮಂದಿಗೆ ಪರಿಹಾರ ಎಷ್ಟು ಸಿಕ್ತು, ಸಿಗಬೇಕಾದ್ದು ಎಷ್ಟಿತ್ತು ಅನ್ನೋದು ಮಾತ್ರ ಎಲ್ಲೂ ಬರಲ್ಲ. ನಾನು ಯಾದಗಿರಿಯೊಳಗ ಕೋರ್ಟ್ ಹತ್ರ ಟೈಪಿಂಗ್ ಮಾಡೋನು, ವಕೀಲ ಅಲ್ಲ, ಆದ್ರ ಎಂವಿಸಿ, ಅಂದ್ರ ಅಪಘಾತ ಪರಿಹಾರದ ಕೇಸಿನ ಕಾಗದ ಟೈಪ್ ಮಾಡಿ ಮಾಡಿ ಲೆಕ್ಕ ಬಾಯಿಪಾಠ ಆಗಿಬಿಟ್ಟದ.

32 ವರ್ಷದ ಗೌಂಡಿ ಒಬ್ಬ ಸತ್ತ ಅಂತ ಇಟ್ಕೋರಿ, ಹೆಂಡತಿ, ಎರಡು ಮಕ್ಕಳು, ತಾಯಿ ಅವನ ಮ್ಯಾಲೇ ಇದ್ದವರು. ತಿಂಗಳಿಗೆ 12,000 ಗಳಿಕಿ ಅಂತ ಹಿಡಿದ್ರ ಸುಪ್ರೀಂ ಕೋರ್ಟಿನ 2017ರ ಪ್ರಣಯ್ ಸೇಠಿ ತೀರ್ಪಿನ ಪ್ರಕಾರ ಮುಂದಿನ ಗಳಿಕಿ ಅಂತ ಶೇ 40 ಸೇರಿಸಬೇಕು, 40 ವರ್ಷದ ಒಳಗಿನ ಕೂಲಿಯವರಿಗೂ ಇದು ಉಂಟು, 16,800 ಆಯ್ತು. ಅದೇ ಕೋರ್ಟಿನ ಸರಳಾ ವರ್ಮಾ ತೀರ್ಪಿನಂಗ ನಾಕು ಮಂದಿ ಅವಲಂಬಿತರು ಇದ್ದದ್ದಕ್ಕ ಅವನ ಸ್ವಂತ ಖರ್ಚು ಅಂತ ನಾಕನೇ ಒಂದು ಪಾಲು ಕಳೀಬೇಕು, 12,600 ಉಳೀತು, ಅದನ್ನ 12 ತಿಂಗಳಿಗೆ, ಮತ್ತ ಅವನ ವಯಸ್ಸಿಗೆ ಗೊತ್ತು ಮಾಡಿದ ಗುಣಕ (ಮಲ್ಟಿಪ್ಲೈಯರ್) 16ಕ್ಕ ಗುಣಿಸಿದ್ರ 24,19,200 ರೂಪಾಯಿ. ಈಗ ಪರಿಹಾರದ ಕೇಸ್ ಮೊದಲು ನಡೆಯೋ ಟ್ರಿಬ್ಯುನಲ್‌ನಾಗ ಗಳಿಕಿಗೆ ಪುರಾವೆ ಇಲ್ಲ ಅಂತ 8,000 ಹಿಡಿದು ಆ ಶೇ 40ನೂ ಬಿಟ್ಟುಬಿಟ್ರ ಬರೋದು 11,52,000. ಅರ್ಧನೂ ಇಲ್ಲ! ಗೌಂಡಿ ಕೆಲಸಕ್ಕ ಸ್ಯಾಲರಿ ಸ್ಲಿಪ್ ಯಾರು ಕೊಡ್ತಾರ್ರಿ? ಇಂಥವರಿಗಂತನೇ ರಾಜ್ಯ ಕಾನೂನು ಸೇವಾ ಪ್ರಾಧಿಕಾರದ ಚಾರ್ಟ್ ಅದ, ಅಪಘಾತ ಆದ ವರ್ಷ ನೋಡಿ ಗಳಿಕಿ ಹಿಡಿಯೋದು, ಹೈಕೋರ್ಟ್‌ನಾಗ ಅದನ್ನೇ ನೋಡ್ತಾರ.

ಆದ್ರ ಹೈಕೋರ್ಟ್ ತನಕ ಹೋಗ್ಬೇಕಲ್ಲ. ಮೋಟಾರು ವಾಹನ ಕಾಯ್ದೆ 173ನೇ ಕಲಂ ಪ್ರಕಾರ ತೀರ್ಪು ಬಂದ 90 ದಿನದೊಳಗ ಅಪೀಲು ಹಾಕ್ಬೇಕು. ಕಲಬುರಗಿಯೊಳಗ 2008ರಿಂದ ಪೀಠ ಅದ, ಬೆಂಗಳೂರಿಗೆ ಓಡೋದು ತಪ್ಪೇದ, ಖರೆ. ಆದರೂ ಆ 90 ದಿನದಾಗ ಆ ಹೆಣ್ಮಗಳಿಗೆ ಏನೇನಿರ್ತದ ನೋಡ್ರಿ, ಬಂದ ಚೂರುಪಾರು ರೊಕ್ಕ ಆಸ್ಪತ್ರಿ ಸಾಲಕ್ಕ ಹೋಗಿರ್ತದ, ಮಕ್ಕಳ ಹೆಸರಿಲೆ ಎಫ್‌ಡಿ ಇಟ್ಟದ್ದು ತೆಗೀಲಿಕ್ಕೆ ಬರಲ್ಲ, ಆಕಿ ಪುಣೆಕ್ಕೋ ಹೈದರಾಬಾದಿಗೋ ಕೂಲಿಗೆ ಹೋಗಿರ್ತಾಳ, ತೀರ್ಪು ಇಂಗ್ಲಿಷ್‌ನಾಗ ಇದ್ರಂತೂ ಕೇಸ್ ಗೆದ್ದೀವಿ ಅನ್ನೋದೊಂದೇ ಗೊತ್ತಿರ್ತದ, ಎಷ್ಟು ಕಮ್ಮಿ ಬಂತು ಅಂತ ಹೇಳೋರು ಯಾರೂ ಇರಲ್ಲ. ಎಷ್ಟೋ ಸಲ ಇನ್ಶುರೆನ್ಸ್ ಕಂಪನಿಯವರೇ ಅಪೀಲು ಹೋಗಿ ಮನಿಗೆ ನೋಟಿಸ್ ಬಂದಾಗ, ಓ ನಾವೂ ಹೋಗಬಹುದಿತ್ತಾ ಅಂತ ತಿಳೀತದ. (ಆ ನೋಟಿಸ್ ಬಂದ ಒಂದು ತಿಂಗಳೊಳಗ ಕ್ರಾಸ್ ಅಬ್ಜೆಕ್ಷನ್, ಅಂದ್ರ ನಮಗೂ ಪರಿಹಾರ ಕಮ್ಮಿ ಬಂದದ ಅನ್ನೋ ತಕರಾರು, ಅದೇ ಅಪೀಲಿನಾಗ ಹಾಕಬಹುದು, ದಯವಿಟ್ಟು ಯಾರೂ ಆ ಕಾಗದ ಮಡಚಿ ದೇವರ ಜಗಲಿ ಮ್ಯಾಲ ಇಡಬ್ಯಾಡ್ರಿ.)

ತಕ್ಕ ಕಾರಣ ಇದ್ರ ತಡ ಆದದ್ದನ್ನ ಮನ್ನಾ ಮಾಡೋ ಅಧಿಕಾರ ಅದೇ 173ನೇ ಕಲಮಿನಾಗ ಅದ. ಕಂಪನಿಯವರ ವಾದ ಏನಂದ್ರ, ಹಿಂಗ ಯಾವಾಗ ಬೇಕಾದ್ರೂ ಬಂದ್ರ ಕೇಸ್ ಮುಗಿಯೋದ್ಯಾವಾಗ ಅಂತ. ಅದರಾಗೂ ನ್ಯಾಯ ಅದ, ನಾ ಇಲ್ಲ ಅನ್ನಲ್ಲ. ಅದಕ್ಕಂತನೇ ಕೋರ್ಟ್ ತಡ ಮನ್ನಾ ಮಾಡುವಾಗ, ತಡ ಆದಷ್ಟು ದಿನಕ್ಕ ಹೆಚ್ಚಾದ ಮೊತ್ತದ ಮ್ಯಾಲ ಬಡ್ಡಿ ಇಲ್ಲ ಅಂತ ಬರೀತಾರ. ಮ್ಯಾಲಿನ ಲೆಕ್ಕದಾಗ ವ್ಯತ್ಯಾಸನೇ 12,67,200, ಶೇ 6ರಂತೆ ವರ್ಷಕ್ಕ 76,032 ರೂಪಾಯಿ ಬಡ್ಡಿ, ಎರಡು ವರ್ಷ ತಡ ಆದ್ರ ಒಂದೂವರಿ ಲಕ್ಷದ ಮ್ಯಾಲ ಆ ಮನಿಯವರು ಕಳ್ಕೊಂಡ್ರು, ಅಷ್ಟು ದಿನ ರೊಕ್ಕ ಕಂಪನಿ ಹತ್ರನೇ ಇತ್ತು. ದಂಡ ಕಟ್ಟಿಸ್ಕೊಂಡಂಗಾಯ್ತಲ್ಲ, ಅದರ ಮ್ಯಾಲ ತಡ ಆದ ದಿನದಿನದ ಲೆಕ್ಕ ಕೊಡು ಅಂತ ಕೇಳಿ ಬಾಗಿಲೇ ಹಾಕೋದು ಯಾಕ? ತಡ ಎಷ್ಟು ಅಂತ ನೋಡೋಕಿಂತ ಮೊದಲು ಪರಿಹಾರ ಎಷ್ಟು ಕಮ್ಮಿ ಬಿದ್ದದ ಅಂತ ನೋಡ್ಬೇಕು ಅನ್ನೋದು ನನ್ನ ಮಾತು.

ಇನ್ನೊಂದು, ತೀರ್ಪು ಹೇಳಿದ ದಿನನೇ ಒಂದು ಹಾಳಿ ಕನ್ನಡದಾಗ ಕೊಡಬಾರದಾ? ಗಳಿಕಿ ಎಷ್ಟು ಹಿಡಿದ್ರು, ಮಲ್ಟಿಪ್ಲೈಯರ್ ಎಷ್ಟು, ಎಷ್ಟು ಕಳೆದ್ರು, ಅಪೀಲಿನ ಕೊನೆ ತಾರೀಖು ಯಾವುದು, ಇಷ್ಟೇ. ಹೆಣ್ಮಕ್ಕಳಿಗೆ, ಎಸ್‌ಸಿ ಎಸ್‌ಟಿಯವರಿಗೆ ಆದಾಯ ನೋಡದೇನೇ ಪುಕ್ಕಟೆ ವಕೀಲರನ್ನ ಕೊಡಬೇಕಂತ 1987ರ ಕಾನೂನೇ ಅದ, ಅದನ್ನೂ ಆ ಹಾಳಿ ಕೆಳಗ ಬರದ್ರ ಸಾಕು. ಅಲ್ಲಿತನಕ ತೀರ್ಪಿನ ಸರ್ಟಿಫೈಡ್ ಕಾಪಿ ಇದ್ದವರು ಅದರ ಹಿಂದಿನ ಸೀಲ್ ನೋಡ್ಕೋರಿ, ಕಾಪಿಗೆ ಅರ್ಜಿ ಹಾಕಿದ ತಾರೀಖು, ಕಾಪಿ ರೆಡಿ ಆದ ತಾರೀಖು ಅಲ್ಲೇ ಇರ್ತದ, ನಡುವಿನ ಅಷ್ಟೂ ದಿನ 90ರಾಗ ಹಿಡಿಯಲ್ಲ.

ಕೋರ್ಟ್ ಹತ್ರದ ಟೈಪಿಂಗ್‌ನವ,
ಯಾದಗಿರಿ